4 ಅಡಿ ಉದ್ದದ ಗೋಡೆ ಟೈಲ್ಸ್‌ಗೆ 6 ಎಂಎಂ ಹಲ್ಲಿನ ಕರಣೆ ಸಾಕಾ, 12 ಎಂಎಂ ಬೇಕಾ?

ಬಚ್ಚಲುಮನೆಗೆ 2 ಅಡಿ ಅಗಲ, 4 ಅಡಿ ಉದ್ದದ ಟೈಲ್ಸ್ ತಂದಿದ್ದೀರಿ. ಮೇಸ್ತ್ರಿ ಹತ್ತಿರ ಇರುವುದು ಅಂಟನ್ನು ಗೆರೆ ಗೆರೆಯಾಗಿ ಎಳೆಯುವ 6 ಎಂಎಂ ಹಲ್ಲಿನ ಕರಣೆ. ಅದು ಸಾಲದು, 12 ಎಂಎಂ ಚೌಕ ಹಲ್ಲಿನದ್ದೇ ತನ್ನಿ. ಆದರೆ ಒಮ್ಮೆ ನನ್ನ ಕೈಯಲ್ಲಿ ಇದ್ದದ್ದೂ 12 ಎಂಎಂ ಕರಣೆಯೇ. ಆದರೂ ಗೋಡೆ ಕೈಕೊಟ್ಟಿತು.

ನಾನು ಶಿವಮೊಗ್ಗದಲ್ಲಿ ಟೈಲ್ಸ್ ಕೆಲಸ ಮಾಡುತ್ತೇನೆ. ಇಷ್ಟು ದೊಡ್ಡ ಟೈಲ್ಸ್ ಮೊದಲು ಕೂರಿಸಿದ್ದು ತೀರ್ಥಹಳ್ಳಿ ಹತ್ತಿರ, ಚಿಕ್ಕಪ್ಪನ ಮನೆ ಬಚ್ಚಲಲ್ಲಿ. ಒಳ್ಳೆ ಅಂಟು, ಹೊಸ ಕರಣೆ, ಮೂರು ದಿನದ ಕೆಲಸ. ಗೋಡೆ ಕನ್ನಡಿ ಹಾಗೆ ಕಾಣುತ್ತಿತ್ತು. ಎರಡನೇ ವರ್ಷ ಆರಿದ್ರಾ ಮಳೆ ಹಿಡಿದಾಗ ಚಿಕ್ಕಮ್ಮ ಫೋನ್ ಮಾಡಿದರು. "ಹಂಡೆ ಪಕ್ಕದ ಗೋಡೆ ತಟ್ಟಿದ್ರೆ ಟೊಳ್ಳು ಅನ್ನತ್ತಲ್ಲ ಮಾರಾಯ" ಅಂದರು.

ಹೋಗಿ ಸಂದಿಯ ಗ್ರೌಟ್ ಕೆರೆದು, ಪಟ್ಟಿ ತೂರಿಸಿ ಮೀಟಿದೆ. ಇಡೀ ಟೈಲ್ ಒಂದೇ ತುಂಡಾಗಿ ಕೈಗೆ ಬಂತು. ಗೋಡೆ ಮೇಲೆ ಎರಡು ವರ್ಷದ ಹಿಂದೆ ನಾನು ಎಳೆದ ಗೆರೆಗಳು ಹಾಗೇ ನಿಂತಿದ್ದವು, ಒಂದೂ ಅಪ್ಪಚ್ಚಿ ಆಗಿರಲಿಲ್ಲ. ಟೈಲ್ ಹಿಂಭಾಗದಲ್ಲಿ ಆ ಗೆರೆಗಳ ತುದಿ ತಾಗಿದ ಗುರುತು ಮಾತ್ರ ಇತ್ತು, ಬಳೆ ಚೂರುಗಳ ಹಾಗೆ. ಗೆರೆ ಗೆರೆಗಳ ನಡುವೆ ನೀರು ಪಸೆಪಸೆ.

ಬಳೆ ಚೂರು ಅಂದೆನಲ್ಲ, ತಪ್ಪು ಇದ್ದದ್ದು ಅಲ್ಲೇ. ನಾನು ಅಪ್ಪನ ಜೊತೆ ಗಾರೆ ಕೆಲಸ ಕಲಿತವನು. ಪ್ಲಾಸ್ಟರ್ ತೀಡುವಾಗ ಕೈ ಅರ್ಧ ವೃತ್ತದಲ್ಲೇ ಓಡುತ್ತದೆ. ಅದೇ ಕೈಯಲ್ಲಿ ಅಂಟನ್ನೂ ಕಮಾನು ಕಮಾನಾಗಿ ಎಳೆದಿದ್ದೆ. ಗೆರೆ ನೇರ ಇದ್ದರೆ ಟೈಲ್ ಒತ್ತಿದಾಗ ಸಾಲಿನ ಗಾಳಿ ಎರಡೂ ತುದಿಯಿಂದ ಹೊರಗೆ ಹೋಗುತ್ತದೆ, ಗೆರೆ ಕುಸಿದು ಪಕ್ಕದ ಸಾಲನ್ನು ತುಂಬುತ್ತದೆ. ಕಮಾನುಗಳು ಒಂದರ ಮೇಲೊಂದು ಹಾದುಹೋದರೆ ಗಾಳಿಗೆ ದಾರಿಯೇ ಇಲ್ಲ. ಎಷ್ಟು ಒತ್ತಿದರೂ ಒಳಗೇ ಸಿಕ್ಕಿಕೊಳ್ಳುತ್ತದೆ. ಸಣ್ಣ ಟೈಲ್‌ನಲ್ಲಿ ಇದು ಗೊತ್ತೇ ಆಗುವುದಿಲ್ಲ, ಅಂಚು ಹತ್ತಿರವೇ ಇರುತ್ತದೆ ಅಲ್ವಾ? ಸಿಮೆಂಟ್ ಗ್ರೌಟ್ ನೀರನ್ನು ಪೂರ್ತಿ ತಡೆಯುವುದಿಲ್ಲ. ಇಳಿದ ನೀರು ಆ ಪೊಳ್ಳುಗಳಲ್ಲಿ ಕೂತಿತು. ನಮ್ಮ ಮಳೆಗಾಲದಲ್ಲಿ ಅದು ಆರುವುದಾದರೂ ಯಾವಾಗ? ಜೊತೆಗೆ ಬಚ್ಚಲ ಒಲೆಯ ಶಾಖ. ದಿನಾ ಸಂಜೆ ಗೋಡೆ ಕಾಯುತ್ತದೆ, ರಾತ್ರಿ ತಣ್ಣಗಾಗುತ್ತದೆ. ಸುಮಾರು 15 ಕೆಜಿ ತೂಕದ ಟೈಲ್ ಬರೀ ಗೆರೆ ತುದಿಗಳ ಮೇಲೆ ನಿಂತಿತ್ತು. ಮೈಮೇಲೆ ಬಿದ್ದಿದ್ದರೆ ಅನ್ನೋದು ಈಗಲೂ ನೆನಪಾಗುತ್ತದೆ.

ಹಾಗಾಗಿ ಎಷ್ಟು ಎಂಎಂ ಅನ್ನೋದೊಂದನ್ನೇ ಹಿಡಿದು ಕೂರಬೇಡಿ. ಗೆರೆ ಟೈಲ್‌ನ ಗಿಡ್ಡ ಬದಿಗೆ ಸಮನಾಗಿ, ಒಂದೇ ದಿಕ್ಕಿಗೆ ಇರಲಿ. ಟೈಲ್ ನಿಲ್ಲಿಸಿ ಕೂರಿಸುತ್ತೀರಾದರೆ ಅಡ್ಡಗೆರೆ. ಕರಣೆಯನ್ನು ಜಾಸ್ತಿ ಮಲಗಿಸಿ ಎಳೆದರೆ 12 ಎಂಎಂ ಹಲ್ಲೂ ಗಿಡ್ಡ ಗೆರೆಯನ್ನೇ ಕೊಡುತ್ತದೆ. ಟೈಲ್ ಹಿಂಭಾಗದ ಬಿಳಿ ಪುಡಿಯನ್ನು ಒದ್ದೆ ಬಟ್ಟೆಯಲ್ಲಿ ಒರೆಸಿ, ಕರಣೆಯ ನುಣುಪು ಬದಿಯಿಂದ ಅಲ್ಲಿಗೂ ತೆಳ್ಳಗೆ ಅಂಟು ತಿಕ್ಕಿ. ಇಟ್ಟ ಮೇಲೆ ಗೆರೆಗೆ ಅಡ್ಡಲಾಗಿ, ಅಂದರೆ ಮೇಲೆ ಕೆಳಗೆ, ಸ್ವಲ್ಪ ಆಡಿಸಿ ಒತ್ತಿ. ಅಂಟು ಒಂದು ಟೈಲ್‌ಗೆ ಬೇಕಾದಷ್ಟೇ ಬಳಿಯಿರಿ. ಮೇಲೆ ಕೆನೆ ಕಟ್ಟಿದರೆ ಅದು ಹಿಡಿಯುವುದಿಲ್ಲ.

ಗೋಡೆ ಡೊಂಕಿದ್ದರೆ ಮೊದಲು ಪ್ಲಾಸ್ಟರ್ ಸರಿ ಮಾಡಿಸಿ. 10 ಅಡಿಗೆ 3 ಎಂಎಂಗಿಂತ ಜಾಸ್ತಿ ಏರುತಗ್ಗು ಬೇಡ. ಅದನ್ನು ಅಂಟಿನಲ್ಲಿ ತುಂಬಿಸಿಕೊಳ್ಳೋಣ ಅಂತ ಮೇಸ್ತ್ರಿ ಐದು ಉಂಡೆ ಇಟ್ಟು ಒತ್ತಲು ಹೊರಟರೆ ಖಂಡಿತ ಒಪ್ಪಬೇಡಿ. ಅದು ನಾನು ಮಾಡಿದ್ದಕ್ಕಿಂತ ಕೆಟ್ಟದ್ದು.

ಮೊದಲ ಟೈಲ್ ಕೂರಿಸಿದ ಕೂಡಲೇ ಕೀಳಿಸಿ ನೋಡಿ. ನೀರು ಬೀಳುವ ಜಾಗದಲ್ಲಿ ಹಿಂಭಾಗದ ಶೇ. 95ರಷ್ಟಾದರೂ ಅಂಟು ಹಿಡಿದಿರಬೇಕು, ಮೂಲೆಗಳೂ ಸೇರಿ. ಗೆರೆಗಳು ಇನ್ನೂ ಎದ್ದು ಕಂಡರೆ ಎರಡನೆಯದನ್ನು ಕೂರಿಸಲು ಬಿಡಬೇಡಿ. ಹಸಿ ಇರುವಾಗ ಕಿತ್ತರೆ ಟೈಲ್ ಹಾಳಾಗುವುದಿಲ್ಲ, ಕೆರೆದು ಹೊಸ ಅಂಟು ಹಾಕಿದರೆ ಆಯ್ತು.