ನೇರ ಕೂದಲು ತಲೆಸ್ನಾನದ ನಂತರ ಯಾಕೆ ಕೆದರಿಕೊಳ್ಳುತ್ತದೆ? ತಡೆಯೋದು ಹೇಗೆ?

ಪ್ರಶ್ನೆ: ನನ್ನದು ನೇರ ಕೂದಲು. ತೊಳೆಯುವ ಮುಂಚೆ ಚೆನ್ನಾಗಿ ಕೂತಿರುತ್ತದೆ. ತಲೆಸ್ನಾನ ಮಾಡಿ ಒಣಗಿದ ಮೇಲೆ ಉಬ್ಬಿಕೊಂಡು, ಎಳೆಗಳೆಲ್ಲ ಎದ್ದು ನಿಲ್ಲುತ್ತವೆ. ಶಾಂಪೂ ಬದಲಿಸಿ ಬದಲಿಸಿ ಸಾಕಾಯಿತು. ಪಾರ್ಲರ್‌ನಲ್ಲಿ ಕೆರಾಟಿನ್ (ಮದ್ದು ಹಚ್ಚಿ, ಬಿಸಿ ಕೊಟ್ಟು ಕೂದಲು ನುಣುಪು ಮಾಡೋದು) ಮಾಡಿಸಿ ಅಂತಾರೆ. ಮಾಡಿಸಲಾ?

ಉತ್ತರ:

ಶಾಂಪೂ ಬದಲಿಸೋದನ್ನು ಸದ್ಯಕ್ಕೆ ನಿಲ್ಲಿಸಿ. ತೊಳೆಯುವ ಮುಂಚೆ ಚೆನ್ನಾಗಿರುತ್ತದೆ ಅಂತ ನೀವೇ ಬರೆದಿದ್ದೀರಿ. ಹಾಗಿದ್ದರೆ ಬಚ್ಚಲಿಗೆ ಹೋದಾಗಿನಿಂದ ಕೂದಲು ಪೂರ್ತಿ ಒಣಗುವವರೆಗಿನ ಆ ಸ್ವಲ್ಪ ಹೊತ್ತಿನಲ್ಲೇ ಎಡವಟ್ಟಾಗುತ್ತಿದೆ. ನನ್ನದೂ ನೇರ ಕೂದಲೇ, ಉದ್ದ ಬೇರೆ. ಬೆಂಗಳೂರಿನ ಬೋರ್‌ವೆಲ್ ನೀರಲ್ಲಿ ತೊಳೆಯುವವಳು. ಬಾಟಲಿಯಲ್ಲಿ ಏನಿದೆ ಅನ್ನೋದಕ್ಕಿಂತ ಒದ್ದೆ ಕೂದಲನ್ನು ನಾವು ಹೇಗೆ ನಡೆಸಿಕೊಳ್ಳುತ್ತೇವೆ ಅನ್ನೋದರ ಮೇಲೇ ಇದು ಜಾಸ್ತಿ ನಿಂತಿದೆ ಅಂತ ನನ್ನ ಗಟ್ಟಿ ಅಭಿಪ್ರಾಯ.

ಕೂದಲಿನ ಹೊರಮೈಯಲ್ಲಿ ಹೆಂಚು ಹೊದಿಸಿದ ಹಾಗೆ ಒಂದರ ಮೇಲೊಂದು ಪುಟ್ಟ ಪದರಗಳಿವೆ, ಬುಡದಿಂದ ತುದಿಯ ಕಡೆಗೆ ಇಳಿಜಾರಾಗಿ. ಒಣಗಿದ್ದಾಗ ಅವು ಮಟ್ಟವಾಗಿ ಮಲಗಿರುತ್ತವೆ. ನೀರು ಬಿದ್ದಾಗ ಕೂದಲು ತನ್ನ ತೂಕದ ಸುಮಾರು 30% ನೀರು ಹೀರುತ್ತದೆ, ದಪ್ಪದಲ್ಲಿ ಸುಮಾರು 15% ಊದುತ್ತದೆ. ಆಗ ಪದರಗಳ ಅಂಚು ಮೇಲೇಳುತ್ತದೆ. ಇನ್ನೊಂದು ವಿಷಯ, ಕೂದಲಿನ ಆಕಾರವನ್ನು ಹಿಡಿದಿಡುವ ಹೈಡ್ರೋಜನ್ ಬಂಧಗಳು ನೀರಲ್ಲಿ ಬಿಚ್ಚಿಕೊಳ್ಳುತ್ತವೆ. ಒಣಗುವಾಗ ಮತ್ತೆ ಕಟ್ಟಿಕೊಳ್ಳುತ್ತವೆ. ಆ ಹೊತ್ತಿಗೆ ಕೂದಲು ಹೇಗೆ ಬಿದ್ದಿತ್ತೋ ಹಾಗೇ ನಿಲ್ಲುತ್ತದೆ. ಟವೆಲ್ಲಿನಲ್ಲಿ ಮುದ್ದೆ ಮಾಡಿ ಕಟ್ಟಿಟ್ಟರೆ ಆ ಮುದ್ದೆಯ ಸೊಟ್ಟಗಳೇ ಉಳಿಯೋದು.

ಗಾಳಿಯಲ್ಲಿರುವ ತೇವಕ್ಕೂ ಕೂದಲು ಹೀಗೇ ಆಡುತ್ತದೆ. ತೇವ ಹೆಚ್ಚಾದರೆ ಉದ್ದವಾಗುತ್ತದೆ, ಕಡಿಮೆಯಾದರೆ ಕುಗ್ಗುತ್ತದೆ. ಇದೇ ಗುಣ ಇಟ್ಟುಕೊಂಡು ಜಿನೀವಾದ ವಿಜ್ಞಾನಿ ಸೊಸ್ಯೂರ್ ಮನುಷ್ಯರ ಕೂದಲಿನಿಂದಲೇ ಗಾಳಿಯ ತೇವ ಅಳೆಯುವ ಉಪಕರಣ ಮಾಡಿದ್ದ. 1783ರಲ್ಲಿ ಅದರ ಬಗ್ಗೆ ಪುಸ್ತಕವನ್ನೂ ಬರೆದ. ಹಾಗಾಗಿ ಜುಲೈನಲ್ಲಿ ಮಂಗಳೂರಿಗೋ ಆಗುಂಬೆಗೋ ಹೋದಾಗ ಕೂದಲು ಮಾತು ಕೇಳದಿದ್ದರೆ ಬೇಜಾರು ಮಾಡಿಕೊಳ್ಳಬೇಡಿ, ಜಡೆ ಹಾಕಿಬಿಡಿ.

ಏನಾದರೂ ಮಾಡುವ ಮುಂಚೆ, ಎದ್ದು ನಿಂತಿರೋದು ಯಾವ ಕೂದಲು ಅಂತ ಕನ್ನಡಿಯಲ್ಲಿ ನೋಡಿ. ನೇರ ಕೂದಲಿನಲ್ಲಿ ಬೈತಲೆ ಹತ್ತಿರ, ನೆತ್ತಿಯ ಸುತ್ತ ಕಾಣುವ ಗಿಡ್ಡ ಎಳೆಗಳು ಎರಡು ಜಾತಿಯವು. ತುದಿ ಚೂಪಾಗಿ ತೆಳುವಾಗಿದ್ದರೆ ಅದು ಹೊಸದಾಗಿ ಬೆಳೆಯುತ್ತಿರುವ ಕೂದಲು. ಹೆರಿಗೆಯಾಗಿ ಕೆಲವು ತಿಂಗಳಿಗೆ, ಅಥವಾ ದೊಡ್ಡ ಜ್ವರ ಬಂದು ಉದುರಿದ ಮೇಲೆ, ಇವು ಗುಂಪಾಗಿ ಬರುತ್ತವೆ. ಇದಕ್ಕೆ ಮದ್ದು ಬೇಡ. ತಿಂಗಳಿಗೆ ಸುಮಾರು ಒಂದು ಸೆಂಟಿಮೀಟರ್‌ನಂತೆ ಬೆಳೆದು ತಾವೇ ಕೂರುತ್ತವೆ. ತುದಿ ಮೊಂಡಾಗಿದ್ದರೆ ಅಥವಾ ಸೀಳಿದ್ದರೆ ಅದು ತುಂಡಾದ ಕೂದಲು. ಅದನ್ನು ಯಾವ ಸೀರಮ್ಮೂ ಮತ್ತೆ ಅಂಟಿಸೋದಿಲ್ಲ. ತುದಿ ಕತ್ತರಿಸಿ, ಮುಂದೆ ತುಂಡಾಗದ ಹಾಗೆ ನೋಡಿಕೊಳ್ಳೋದಷ್ಟೇ ದಾರಿ.

ಈಗ ನೀರು. ಬೋರ್‌ವೆಲ್ ಅಥವಾ ಟ್ಯಾಂಕರ್ ನೀರು ಬಳಸುವವರು ಇದನ್ನು ಗಮನಿಸಿ ಓದಿ. ನಲ್ಲಿಯ ಬಾಯಲ್ಲಿ, ಗೀಸರ್ ಕಾಯಿಲ್ ಮೇಲೆ ಬೆಳ್ಳಗೆ ಕಟ್ಟುತ್ತದಲ್ಲ, ಅದೇ ಕ್ಯಾಲ್ಸಿಯಂ, ಮೆಗ್ನೀಸಿಯಂ ಕೂದಲಿಗೂ ಹತ್ತುತ್ತದೆ. ಕುಡಿಯುವ ನೀರಿನ ಭಾರತೀಯ ಮಾನದಂಡದಲ್ಲಿ ಲೀಟರಿಗೆ 200 ಮಿಲಿಗ್ರಾಂವರೆಗಿನ ಗಡಸುತನ, ಅಂದರೆ ಇವುಗಳ ಪ್ರಮಾಣ, ಸರಿ ಅಂತಿದೆ. ಬೇರೆ ನೀರಿಲ್ಲದ ಕಡೆ 600ರವರೆಗೆ ಒಪ್ಪಬಹುದು ಅಂತಿದೆ. ಕುಡಿಯೋಕೆ ಒಪ್ಪಿದ್ದು ಕೂದಲಿಗೆ ಹಿತ ಅಂತೇನಿಲ್ಲ. ಇಂಥ ನೀರಲ್ಲಿ ಮೈಸೋಪನ್ನು ತಲೆಗೆ ಹಾಕಿದರಂತೂ ಮುಗಿಯಿತು. ಸೋಪು ಕ್ಯಾಲ್ಸಿಯಂ ಜೊತೆ ಸೇರಿ ಜಿಡ್ಡಿನಂಥ ಕೆಸರಾಗಿ ಎಳೆಗಳ ಮೇಲೆ ಕೂತುಬಿಡುತ್ತದೆ, ಕೂದಲು ಒರಟಾಗುತ್ತದೆ. ಸಾಮಾನ್ಯ ಸೋಪಿನ ಪಿಎಚ್ (ಹುಳಿ-ಕ್ಷಾರದ ಅಳತೆ, 7ಕ್ಕಿಂತ ಮೇಲೆ ಕ್ಷಾರ) ಬೇರೆ 9-10ರ ಹತ್ತಿರ ಇರುತ್ತದೆ. ಕ್ಷಾರ ಜಾಸ್ತಿ ಆದಷ್ಟೂ ಪದರ ಮೇಲೇಳುತ್ತದೆ.

ಇದಕ್ಕೆ ನಾನು ಮಾಡೋದು ಸುಲಭದ ಕೆಲಸ. ಇಡೀ ಸ್ನಾನ ಬೋರ್‌ವೆಲ್ ನೀರಲ್ಲೇ. ಕೊನೆಯ ಒಂದೆರಡು ಚೊಂಬು ಮಾತ್ರ ಒಳ್ಳೆಯ ನೀರು, ಅಂದರೆ ಕಾವೇರಿ ನೀರು, ಇಲ್ಲದಿದ್ದರೆ ಫಿಲ್ಟರ್‌ನ ಆರ್‌ಒ ನೀರು. ಮಳೆಗಾಲದಲ್ಲಿ ತಾರಸಿಯ ಮಳೆನೀರು ಹಿಡಿದಿಟ್ಟಿದ್ದರೆ ಅದಕ್ಕಿಂತ ಮೆದು ನೀರು ಬೇರೆ ಇಲ್ಲ. ಶವರಿಗೆ ಸಿಕ್ಕಿಸುವ ಪುಟ್ಟ ಫಿಲ್ಟರ್‌ಗಳ ಜಾಹೀರಾತು ಈಗ ಎಲ್ಲ ಕಡೆ ಬರುತ್ತಿದೆ. ಕ್ಲೋರಿನ್, ಮಣ್ಣು ತೆಗೆಯೋಕೆ ಸರಿ. ಗಡಸುತನ ತೆಗೆಯಬೇಕಾದರೆ ಉಪ್ಪು ಹಾಕುವ ಸಾಫ್ಟ್‌ನರ್ ಯಂತ್ರವೇ ಬೇಕು. ಸುಮ್ನೆ ದುಡ್ಡು ಹಾಕಬೇಡಿ. ಈಗಾಗಲೇ ಹತ್ತಿರುವುದನ್ನು ತೆಗೆಯಲು ತಿಂಗಳಿಗೊಮ್ಮೆ ಕ್ಲಾರಿಫೈಯಿಂಗ್ ಶಾಂಪೂ ಸಾಕು. ಇಡಿಟಿಎ (ಕ್ಯಾಲ್ಸಿಯಂ ಹಿಡಿದು ತೆಗೆಯುವ ರಾಸಾಯನಿಕ, EDTA) ಇರುವಂಥದ್ದು ಆದರೆ ಒಳ್ಳೆಯದು, ಬಾಟಲಿಯ ಹಿಂದೆ ಬರೆದಿರುತ್ತದೆ.

ಶಾಂಪೂ ಬಗ್ಗೆ ಹೆಚ್ಚು ಹೇಳೋದಿಲ್ಲ. ನೆತ್ತಿಗೆ ಮಾತ್ರ ಹಚ್ಚಿ, ನೊರೆ ಕೆಳಗಿಳಿಯುವಾಗ ತುದಿ ತಾನಾಗಿ ತೊಳೆದುಹೋಗುತ್ತದೆ. ಕೂದಲನ್ನು ಬಟ್ಟೆ ಒಗೆದ ಹಾಗೆ ತಿಕ್ಕಬೇಡಿ. ಪಿಎಚ್ 5.5 ಅಥವಾ ಅದಕ್ಕಿಂತ ಕಡಿಮೆ ಇರುವುದು ಸಿಕ್ಕರೆ ಒಳ್ಳೆಯದು. ಅಡುಗೆ ಸೋಡಾದಿಂದ ತಲೆ ತೊಳೆಯಿರಿ ಅಂತ ಯಾರಾದರೂ ಹೇಳಿದರೆ ಕೇಳಲೇಬೇಡಿ, ಅದು ಕ್ಷಾರ. ಸೀಗೆಕಾಯಿ ಬಳಸುವವರಿಗೆ ಒಂದು ಅನುಕೂಲ ಇದೆ. ಅದರ ನೊರೆ ಗಡಸು ನೀರಲ್ಲೂ ಸೋಪಿನ ಹಾಗೆ ಕೆಸರು ಕಟ್ಟುವುದಿಲ್ಲ, ಮತ್ತು ಅದು ಸ್ವಲ್ಪ ಹುಳಿ ಗುಣದ್ದು. ಆದರೆ ಪುಡಿಯನ್ನು ಹಾಗೇ ತಿಕ್ಕಿದರೆ ತರಿ ತರಿ ಕಣಗಳು ಕೂದಲನ್ನು ಗೀರುತ್ತವೆ, ಕಣ್ಣಿಗೂ ಬೀಳುತ್ತವೆ. ಕುದಿಸಿ, ಬಟ್ಟೆಯಲ್ಲಿ ಸೋಸಿ ಬಳಸಿ. ದಾಸವಾಳದ ಎಲೆ ಕಿವುಚಿದ ಲೋಳೆಯೂ ಹೀಗೇ ಸೋಸಿ ಹಾಕಿದರೆ ಕೂದಲು ನುಣುಪಾಗುತ್ತದೆ.

ಕಂಡೀಷನರ್ ಬಿಡಬೇಡಿ. ನೇರ ಕೂದಲಿನವರು ಜೋತು ಬೀಳುತ್ತೆ ಅಂತ ಬಿಡೋದೇ ಜಾಸ್ತಿ. ತೊಳೆದ ಕೂದಲಿನ ಮೇಲೆ ಋಣ ವಿದ್ಯುದಂಶ ಉಳಿಯುತ್ತದೆ, ಅದಕ್ಕೇ ಎಳೆ ಎಳೆಯನ್ನು ದೂರ ತಳ್ಳಿ ಎದ್ದು ನಿಲ್ಲುತ್ತದೆ. ಕಂಡೀಷನರ್‌ನಲ್ಲಿರುವ ಧನ ಅಂಶದ ಪದಾರ್ಥ ಅದಕ್ಕೆ ಅಂಟಿಕೊಂಡು ಶಾಂತ ಮಾಡುತ್ತದೆ. ಕಿವಿಯಿಂದ ಕೆಳಗೆ ಮಾತ್ರ ಹಚ್ಚಿ, ನೆತ್ತಿಗೆ ಬೇಡ. ನೇರ ಕೂದಲಿನಲ್ಲಿ ನೆತ್ತಿಯ ಜಿಡ್ಡು ಸಲೀಸಾಗಿ ಕೆಳಗಿಳಿಯುತ್ತದೆ, ಬುಡಕ್ಕೆ ಹೊರಗಿನ ಜಿಡ್ಡು ಬೇಡವೇ ಬೇಡ. ಹಚ್ಚಿದ ಮೇಲೆ, ಕೂದಲು ಜಾರುತ್ತಿರುವಾಗಲೇ, ಅಗಲ ಹಲ್ಲಿನ ಬಾಚಣಿಗೆಯಿಂದ ತುದಿಯಿಂದ ಶುರುಮಾಡಿ ಮೇಲಕ್ಕೆ ಸಿಕ್ಕು ಬಿಡಿಸಿ. ಇದೊಂದು ಕೆಲಸ ಬಚ್ಚಲಲ್ಲೇ ಮುಗಿದರೆ ಹೊರಗೆ ಬಂದ ಮೇಲೆ ಎಳೆದಾಡುವ ಪ್ರಮೇಯವೇ ಬರೋದಿಲ್ಲ.

ಇನ್ನು ಟವೆಲ್. ನನ್ನ ಪ್ರಕಾರ ಅರ್ಧಕ್ಕರ್ಧ ಕೆದರುವಿಕೆ ಇಲ್ಲೇ ಹುಟ್ಟೋದು. ಟರ್ಕಿ ಟವೆಲ್ಲಿನ ಕುಣಿಕೆಗಳು ಮೇಲೆದ್ದ ಪದರಗಳಿಗೆ ಸಿಕ್ಕಿ ಎಳೆಯುತ್ತವೆ. ಗಸಗಸ ಉಜ್ಜೋದು, ತಲೆ ಬಗ್ಗಿಸಿ ಟವೆಲ್ಲಿನಿಂದ ಪಟಪಟ ಹೊಡೆಯೋದು ನಮ್ಮ ಮನೆಗಳಲ್ಲಿ ತಲೆಮಾರುಗಳಿಂದ ನಡೆದಿದೆ. ಅತ್ತೆ ಅಜ್ಜಿಯರು ಬೈದರೂ ಪರವಾಗಿಲ್ಲ, ಅದನ್ನು ಬಿಡಿ. ಅಪ್ಪನ ಹಳೆಯ ಪಂಚೆ, ಇಲ್ಲವೇ ಮೆತ್ತಗಾದ ಹತ್ತಿಯ ಟಿ-ಶರ್ಟ್ ತೆಗೆದುಕೊಳ್ಳಿ. ಕೂದಲನ್ನು ಅದರೊಳಗೆ ಇಟ್ಟು ಮೇಲಿಂದ ಕೆಳಗೆ ಒತ್ತುತ್ತಾ ಬನ್ನಿ. ಹಿಂಡಬೇಡಿ, ತಿರುಚಬೇಡಿ. ನೀರು ತೊಟ್ಟಿಕ್ಕುವುದು ನಿಂತರೆ ಸಾಕು.

ಆಮೇಲೆ ಒಣಗಿಸೋದು. ಡ್ರೈಯರ್ ಕೆಟ್ಟದ್ದು, ತಾನಾಗಿ ಆರಿದರೆ ಒಳ್ಳೆಯದು ಅಂತ ಎಲ್ಲರೂ ಹೇಳುತ್ತಾರೆ. ಪೂರ್ತಿ ಹಾಗಲ್ಲ. 2011ರಲ್ಲಿ ಕೊರಿಯಾದ ಸಂಶೋಧಕರು ಕೂದಲನ್ನು ಬೇರೆ ಬೇರೆ ಬಿಸಿಯಲ್ಲಿ ಪದೇ ಪದೇ ತೊಳೆದು ಒಣಗಿಸಿ ನೋಡಿದ್ದರು. ಡ್ರೈಯರ್ ಹತ್ತಿರ ತಂದು ಬಿಸಿ ಹೆಚ್ಚಿಸಿದಷ್ಟೂ ಹೊರಪದರ ಹಾಳಾಗಿತ್ತು, ನಿಜ. ಆದರೆ ತಾನಾಗಿ ಒಣಗಿದ ಕೂದಲಿನಲ್ಲಿ ಒಳಗಿನ ಪದರ ಊದಿ ಹಾಳಾಗಿತ್ತು, ಬಹಳ ಹೊತ್ತು ಒದ್ದೆಯಾಗೇ ಇದ್ದದ್ದಕ್ಕೆ. 15 ಸೆಂಟಿಮೀಟರ್ ದೂರದಲ್ಲಿ ಹಿಡಿದು, ಒಂದೇ ಕಡೆ ನಿಲ್ಲಿಸದೆ ಆಡಿಸುತ್ತಾ ಇದ್ದರೆ ಡ್ರೈಯರ್‌ನಿಂದ ತೊಂದರೆ ಕಡಿಮೆ ಅಂತ ಅವರ ತೀರ್ಮಾನ. ದಟ್ಟ ಕೂದಲಿದ್ದು, ಆರಲು ಅರ್ಧ ದಿನ ಬೇಕಾಗುವವರಿಗೆ ಇದು ಒಳ್ಳೆಯ ಸುದ್ದಿ ಅಲ್ವಾ?

ಹೀಗೆ ಮಾಡಿ. ಮುಕ್ಕಾಲು ಭಾಗ ಗಾಳಿಗೇ ಆರಲಿ. ಫ್ಯಾನಿನ ನೇರ ಕೆಳಗೆ ಕೂರಬೇಡಿ, ಗಾಳಿ ಎಲ್ಲ ದಿಕ್ಕಿಗೂ ಎಳೆ ಹಾರಿಸುತ್ತದೆ. ಉಳಿದ ತೇವ ಇರುವಾಗ ಡ್ರೈಯರಿಗೆ ಚಪ್ಪಟೆ ಮೂತಿ ಸಿಕ್ಕಿಸಿ, ಕಡಿಮೆ ಬಿಸಿಯಲ್ಲಿ, ಗಾಳಿ ಬುಡದಿಂದ ತುದಿಯ ಕಡೆಗೆ ಮಾತ್ರ ಬೀಸುವ ಹಾಗೆ ಹಿಡಿಯಿರಿ. ಪದರಗಳ ಇಳಿಜಾರು ಅದೇ ದಿಕ್ಕಿಗೆ ಅಂತ ಹೇಳಿದ್ದೆನಲ್ಲ. ಕೆಳಗಿನಿಂದ ಮೇಲಕ್ಕೆ ಬೀಸಿದರೆ ಎಲ್ಲವೂ ಎದ್ದು ಕೂರುತ್ತವೆ. ಕೊನೆಯಲ್ಲಿ ತಣ್ಣನೆಯ ಗಾಳಿ ಸ್ವಲ್ಪ ಹೊತ್ತು. ಬೈತಲೆಯನ್ನು ಒದ್ದೆ ಇರುವಾಗಲೇ ತೆಗೆದುಬಿಡಿ, ಒಣಗಿದ ಮೇಲೆ ಕೂದಲನ್ನು ಆ ಕಡೆ ಈ ಕಡೆ ಹೊರಳಿಸಿದರೆ ಬುಡ ಎದ್ದೇ ಇರುತ್ತದೆ. ಒದ್ದೆ ಕೂದಲಿಗೆ ಸ್ಟ್ರೈಟ್‌ನರ್ ಮಾತ್ರ ಮುಟ್ಟಿಸಬೇಡಿ. ಒಳಗಿನ ನೀರು ಕುದಿದು ಎಳೆಯೊಳಗೆ ಗುಳ್ಳೆ ಏಳುತ್ತದೆ, ಅಲ್ಲೇ ಮುರಿಯುತ್ತದೆ.

ಎಣ್ಣೆ ವಿಷಯ ಬಿಡೋಕಾಗುತ್ತಾ? ತೆಂಗಿನೆಣ್ಣೆಯನ್ನು ಸ್ನಾನಕ್ಕೆ ಮುಂಚೆ ಹಚ್ಚೋದು ನಿಜವಾಗಿ ಕೆಲಸ ಮಾಡುತ್ತದೆ. 2003ರಲ್ಲಿ ಬಂದ ಒಂದು ಅಧ್ಯಯನದಲ್ಲಿ ತೆಂಗಿನೆಣ್ಣೆ, ಸೂರ್ಯಕಾಂತಿ ಎಣ್ಣೆ, ಮಿನರಲ್ ಆಯಿಲ್ ಮೂರನ್ನೂ ಹೋಲಿಸಿದ್ದರು. ತೊಳೆಯುವಾಗ ಕೂದಲಿನಿಂದ ಪ್ರೋಟೀನ್ ಹೋಗೋದನ್ನು ತಡೆದದ್ದು ತೆಂಗಿನೆಣ್ಣೆ ಒಂದೇ. ಅದರ ಲಾರಿಕ್ ಆಮ್ಲದ ಅಣು ಸಣ್ಣದು, ನೇರ, ಹಾಗಾಗಿ ಎಳೆಯೊಳಗೆ ಇಳಿಯುತ್ತದೆ. ಒಳಗೆ ಎಣ್ಣೆ ಇದ್ದರೆ ನೀರು ಹೀರಿ ಊದೋದು ಕಡಿಮೆ. (ಅಧ್ಯಯನ ಮಾಡಿದವರು ಮ್ಯಾರಿಕೋ ಕಂಪನಿಯವರು, ಅಂದರೆ ತೆಂಗಿನೆಣ್ಣೆ ಮಾರುವವರು. ಅದೂ ನೆನಪಿರಲಿ.) ಹಿಂದಿನ ರಾತ್ರಿ ಅಥವಾ ಸ್ನಾನಕ್ಕೆ ಒಂದೆರಡು ಗಂಟೆ ಮುಂಚೆ, ಮಧ್ಯದಿಂದ ತುದಿಗೆ ಸ್ವಲ್ಪವೇ ಹಚ್ಚಿ. ಧಾರಾಳವಾಗಿ ಸುರಿದರೆ ತೆಗೆಯೋಕೆ ಎರಡೆರಡು ಸಲ ಶಾಂಪೂ ಹಾಕಬೇಕಾಗುತ್ತದೆ, ಅಲ್ಲಿಗೆ ಲಾಭ ಹೋಯಿತು.

ತೊಳೆದ ಮೇಲೆ ಸಿಲಿಕೋನ್ ಸೀರಮ್ ಹಾಕುವುದರಲ್ಲಿ ತಪ್ಪಿಲ್ಲ. ಅದಕ್ಕೆ ಹೆದರಿಸುವವರು ಜಾಸ್ತಿ, ಕಾರಣ ಹೇಳುವವರು ಕಮ್ಮಿ. ಕೂದಲಿನ ಮೇಲೆ ತೆಳು ಹೊದಿಕೆಯಾಗಿ ಗಾಳಿಯ ತೇವವನ್ನು ತಡೆಯುತ್ತದೆ, ಅಷ್ಟೇ. ಅರೆ ಒದ್ದೆ ಇರುವಾಗ ಎರಡು ಹನಿ ಅಂಗೈಗೆ ಹಾಕಿ ತಿಕ್ಕಿ, ಮೊದಲು ತುದಿಗೆ ಸವರಿ. ಕೈಯಲ್ಲಿ ಉಳಿದದ್ದನ್ನು ಮಾತ್ರ ಮೇಲ್ಮೈಗೆ. ಚಳಿಗಾಲದಲ್ಲಿ, ಅದರಲ್ಲೂ ಕಲಬುರಗಿ, ವಿಜಯಪುರದ ಕಡೆಯ ಒಣ ಹವೆಯಲ್ಲಿ, ಪ್ಲಾಸ್ಟಿಕ್ ಬಾಚಣಿಗೆ ತಾಗಿದರೆ ಸಾಕು ಕೂದಲು ಚಟಪಟ ಅಂತ ಏಳುತ್ತದೆ. ಮರದ ಬಾಚಣಿಗೆ ಬಳಸಿ. ರಾತ್ರಿ ದಿಂಬಿಗೆ ಉಜ್ಜಿ ಏಳುವುದಕ್ಕೆ ಹಳೆಯ ರೇಷ್ಮೆ ಸೀರೆಯ ಒಡಲಿನಿಂದ ಒಂದು ದಿಂಬಿನ ಕವರ್ ಹೊಲಿಸಿ. ಸೀರೆ ಅಮ್ಮನದಾದರೆ ಮೊದಲು ಕೇಳಿ.

ಇನ್ನೊಂದು ಅನುಮಾನ ಇದೆ. ನಿಮ್ಮ ಕೂದಲು ನಿಜವಾಗಿ ನೇರವೇ? ಒಂದು ಭಾನುವಾರ ಪರೀಕ್ಷೆ ಮಾಡಿ ನೋಡಿ. ಬಚ್ಚಲಲ್ಲಿ ಸಿಕ್ಕು ಬಿಡಿಸಿದ ಮೇಲೆ ಬಾಚಣಿಗೆ, ಕೈ ಏನೂ ತಾಗಿಸದೆ ಪೂರ್ತಿ ಆರಲು ಬಿಡಿ. ಅಲೆ ಅಲೆಯಾಗಿ ಬಂದರೆ ನಿಮ್ಮದು ಅಲೆಗೂದಲು. ಇಷ್ಟು ದಿನ ಒಣಗಿದ ಮೇಲೆ ಬಾಚಿ ಬಾಚಿ ಆ ಅಲೆಗಳನ್ನು ಒಡೆದು ಹಿಂಜುತ್ತಿದ್ದಿರಿ, ಆ ಉಬ್ಬು ಅದರದ್ದೇ. ಹಾಗಿದ್ದರೆ ಒಣ ಕೂದಲಿಗೆ ಬಾಚಣಿಗೆ ಹಾಕೋದನ್ನು ಕಡಿಮೆ ಮಾಡಿದರೇ ಅರ್ಧ ಸಮಸ್ಯೆ ಹೋಗುತ್ತದೆ. ಮೊದಲು ನುಣುಪಾಗಿದ್ದ ಕೂದಲು ಇತ್ತೀಚೆಗೆ ತಾನಾಗಿ ಒರಟಾಗಿದ್ದರೆ, ಜೊತೆಗೆ ಸುಸ್ತು, ತೂಕ ಏರೋದು ಇದ್ದರೆ, ಥೈರಾಯ್ಡ್ ಒಮ್ಮೆ ಪರೀಕ್ಷೆ ಮಾಡಿಸಿ.

ಕೊನೆಗೆ ಕೆರಾಟಿನ್. ನೀವು ಬರೆದಷ್ಟು ತೊಂದರೆಗೆ ನಾನಾದರೆ ಮಾಡಿಸೋದಿಲ್ಲ. ಇಂಥ ಹಲವು ಮದ್ದುಗಳಲ್ಲಿ ಕೆಲಸ ಮಾಡೋದು ಫಾರ್ಮಾಲ್ಡಿಹೈಡ್, ಅದು ಕ್ಯಾನ್ಸರ್ ತರುವ ವಸ್ತುಗಳ ಪಟ್ಟಿಯಲ್ಲಿದೆ. ಅದಿಲ್ಲ ಅಂತ ಬರೆದ ಕೆಲವು ಬಾಟಲಿಗಳಲ್ಲಿ ಮಿಥಿಲೀನ್ ಗ್ಲೈಕಾಲ್ ಇರುತ್ತದೆ, ಬಿಸಿ ತಾಗಿದಾಗ ಅದರಿಂದಲೂ ಅದೇ ಹೊಗೆ ಬರೋದು. ಅದರ ಬದಲಿಗೆ ಬಂದ ಗ್ಲೈಯಾಕ್ಸಿಲಿಕ್ ಆಮ್ಲದ ಕ್ರೀಮುಗಳೂ ನಿರಾಳವಲ್ಲ. 2020, 2021, 2022ರಲ್ಲಿ ಸಲೂನಿನಲ್ಲಿ ಕೂದಲು ನೇರ ಮಾಡಿಸಿಕೊಂಡ ಒಬ್ಬ ಮಹಿಳೆಗೆ ಮೂರು ಸಲವೂ ಕಿಡ್ನಿಗೆ ಪೆಟ್ಟು ಬಿದ್ದದ್ದನ್ನು ಫ್ರಾನ್ಸಿನ ವೈದ್ಯರು 2024ರಲ್ಲಿ ವೈದ್ಯಕೀಯ ಪತ್ರಿಕೆಯಲ್ಲಿ ವರದಿ ಮಾಡಿದ್ದರು. ಮದುವೆ ಗಿದುವೆ ಇದೆ, ಮಾಡಿಸಲೇಬೇಕು ಅಂತಿದ್ದರೆ ಬಾಟಲಿ ಕೈಗೆ ತೆಗೆದುಕೊಂಡು ಈ ಮೂರು ಹೆಸರು ಹುಡುಕಿ. ನೆತ್ತಿಗೆ ತಾಗಿಸದೆ ಹಚ್ಚಲು ಹೇಳಿ, ಕಿಟಕಿ ತೆಗೆಸಿ. ಬಸುರಿಯಾಗಿದ್ದರೆ ಬೇಡವೇ ಬೇಡ. ಬಾಟಲಿ ತೋರಿಸಲು ಹಿಂದೇಟು ಹಾಕುವ ಪಾರ್ಲರ್ ಆದರೆ ಐಬ್ರೋ ಮಾಡಿಸಿಕೊಂಡು ಎದ್ದು ಬನ್ನಿ.