ಕ್ಯಾಮೆರಾ ಯಾರ ಕೈಯಲ್ಲಿತ್ತು?

ಪ್ರಿಯ ಲೇಖಕರೇ,

ಬಲ್ಗೇರಿಯಾದ ಚಿತ್ರನಿರ್ದೇಶಕ ವುಲೊ ರಾದೆವ್ ಅವರ ಕುರಿತು ತಾವು ಕಳುಹಿಸಿದ ಲೇಖನ ತಲುಪಿತು. ವಿಷಯದ ಆಯ್ಕೆ ಚೆನ್ನಾಗಿದೆ, ಭಾಷೆಯೂ ಶುದ್ಧವಾಗಿದೆ, ಅದಕ್ಕೆ ಅಭಿನಂದನೆಗಳು. ಆದರೆ ಎರಡನೆಯ ಪುಟ ಓದಿ ನನಗೆ ಸಿಟ್ಟು ಬಂದದ್ದನ್ನು ಮುಚ್ಚಿಡಲಾರೆ.

"1964ರ 'ಪೀಚ್ ಕಳ್ಳ' ಚಿತ್ರದಲ್ಲಿ ರಾದೆವ್ ಕ್ಯಾಮೆರಾದಿಂದ ಕವಿತೆಯನ್ನೇ ಬರೆದಿದ್ದಾರೆ" ಎಂದಿದ್ದೀರಿ. ಅದರ ನಿರ್ದೇಶಕರು ರಾದೆವ್, ನಿಜ. ಛಾಯಾಗ್ರಾಹಕರು ಮಾತ್ರ ತೊದೊರ್ ಸ್ತೊಯಾನೊವ್. ಮಾಸ್ಕೋದಲ್ಲಿ ಛಾಯಾಗ್ರಹಣ ಕಲಿತು, 1962ರಲ್ಲಿ ನಿಕೊಲಾ ಕೊರಾಬೊವ್ ಅವರ 'ತಂಬಾಕು' ಚಿತ್ರವನ್ನು ಕ್ಯಾಮೆರಾದಲ್ಲಿ ಸೆರೆಹಿಡಿದ ರಾದೆವ್, ತಾವು ನಿರ್ದೇಶಿಸಿದ ಮೊದಲ ಕಥಾಚಿತ್ರದಲ್ಲೇ ಕ್ಯಾಮೆರಾವನ್ನು ಇನ್ನೊಬ್ಬರ ಕೈಗೆ ಒಪ್ಪಿಸಿದರು ಎಂಬುದೇ ನಿಮ್ಮ ಲೇಖನದ ಜೀವಾಳವಾಗಬೇಕಿತ್ತು. ಆ ಸ್ತೊಯಾನೊವ್ ಕೂಡ 1967ರಲ್ಲಿ ಗ್ರಿಶಾ ಒಸ್ತ್ರೊವ್‌ಸ್ಕಿ ಅವರೊಡನೆ 'ಬಳಸುದಾರಿ' ಚಿತ್ರವನ್ನು ನಿರ್ದೇಶಿಸಿದರು. ಈ ಮೂರು ಚಿತ್ರಗಳಲ್ಲೂ ನಾಯಕಿ ನೆವೆನಾ ಕೊಕಾನೊವಾ. ಒಂದೇ ಮುಖವನ್ನು ಇಬ್ಬರು ಛಾಯಾಗ್ರಾಹಕರು ಒಮ್ಮೆ ಕ್ಯಾಮೆರಾದ ಹಿಂದೆ ನಿಂತು, ಇನ್ನೊಮ್ಮೆ ನಿರ್ದೇಶಕರಾಗಿ ನೋಡಿದ್ದಾರೆ. ನೀವು ಆಕೆಯ ಹೆಸರನ್ನು ಆವರಣ ಚಿಹ್ನೆಯೊಳಗೆ ಹಾಕಿ ಮುಂದೆ ಹೋಗಿದ್ದೀರಿ.

ಮುಂದಿನ ಸಾಲು: "ಇಲ್ಲಿ ಪೀಚ್ ಹಣ್ಣು ಪ್ರೇಮದ ಸಂಕೇತ." ಚಿತ್ರಕ್ಕೆ ಆಧಾರವಾದ ಎಮಿಲಿಯಾನ್ ಸ್ತಾನೆವ್ ಅವರ ಕಥೆ ಮೊದಲನೆಯ ಮಹಾಯುದ್ಧದ ಕೊನೆಯ ದಿನಗಳಲ್ಲಿ, ಬಲ್ಗೇರಿಯಾದ ತರ್ನೊವೊ ಪಟ್ಟಣದಲ್ಲಿ ನಡೆಯುತ್ತದೆ. ಸೆರೆ ಸಿಕ್ಕ ಸೆರ್ಬಿಯಾದ ಸೈನಿಕನೊಬ್ಬ ಹಸಿವು ತಾಳಲಾರದೆ ಕರ್ನಲ್ ಒಬ್ಬನ ತೋಟಕ್ಕೆ ನುಗ್ಗುತ್ತಾನೆ. ಕರ್ನಲ್‌ನ ಹೆಂಡತಿಯ ಕಣ್ಣಿಗೆ ಬೀಳುತ್ತಾನೆ. ಅವನು ಬಂದದ್ದು ಹಣ್ಣಿಗಾಗಿಯೇ ಹೊರತು ಹೆಣ್ಣಿಗಾಗಿ ಅಲ್ಲ. ಹಸಿವೆಂಬ ಪದ ನಿಮ್ಮ ಲೇಖನದಲ್ಲಿ ಒಮ್ಮೆಯೂ ಬಂದಿಲ್ಲ.

ಇನ್ನು "ಬೆಳಕು ನೆರಳಿನ ಅದ್ಭುತ ಆಟ". ಎಣಿಸಿದೆ, ಐದು ಸಲ ಇದೆ. ಈ ಮಾತಿನ ಮೇಲೆ ನನಗೆ ಹಳೆಯ ಹಗೆಯಿದೆ. ವಾರಪತ್ರಿಕೆಯೊಂದರಲ್ಲಿ ಕೆಲಸ ಕಲಿಯುತ್ತಿದ್ದಾಗ ನನ್ನ ಎರಡನೆಯ ಚಿತ್ರವಿಮರ್ಶೆಯಲ್ಲಿ "ಕಿಟಕಿಯಿಂದ ಸೋರುವ ಬೆಳಕಿನ ಮಾಯೆ" ಎಂದು ಬರೆದಿದ್ದೆ. ಹಿರಿಯ ಉಪಸಂಪಾದಕರೊಬ್ಬರು ಕನ್ನಡಕ ತೆಗೆದು, "ಕಿಟಕಿ ಎಡಕ್ಕಿತ್ತೋ ಬಲಕ್ಕಿತ್ತೋ?" ಎಂದು ಕೇಳಿದರು. ಉತ್ತರ ಗೊತ್ತಿರಲಿಲ್ಲ. ಸ್ವಂತ ದುಡ್ಡಿನಲ್ಲಿ ಟಿಕೆಟ್ ಕೊಂಡು ಅದೇ ರಾತ್ರಿ ಸೆಕೆಂಡ್ ಶೋಗೆ ಹೋದೆ. ಆ ದೃಶ್ಯದಲ್ಲಿ ಕಿಟಕಿಯೇ ಇರಲಿಲ್ಲ! ನೆಲದ ಮೇಲೆ ಲಾಟೀನೊಂದಿತ್ತು, ಆದ್ದರಿಂದಲೇ ಮುದುಕಿಯ ಗದ್ದ ಬೆಳಗಿ ಕಣ್ಣು ಕತ್ತಲಲ್ಲಿ ಉಳಿದಿತ್ತು. ಮರುದಿನ ಅಷ್ಟನ್ನೇ ಬರೆದು ಕೊಟ್ಟೆ. ಅವರು ಏನೂ ಹೇಳದೆ ಅಚ್ಚಿಗೆ ಕಳುಹಿಸಿದರು.

ರಾದೆವ್ ಅವರ ಮುಂದಿನ ಚಿತ್ರಗಳ ಪಟ್ಟಿ ಸದ್ಯಕ್ಕೆ ಬೇಡ. ಈ ಮೂರು ಚಿತ್ರಗಳನ್ನು ಮತ್ತೆ ನೋಡಿ, ಒಂದೊಂದರಿಂದ ಕೊಕಾನೊವಾ ಅವರ ಒಂದು ದೃಶ್ಯವನ್ನಷ್ಟೇ ಆರಿಸಿಕೊಂಡು, ಅವರ ಮುಖದ ಮೇಲೆ ಬೆಳಕು ಎಲ್ಲಿಂದ ಬೀಳುತ್ತದೆ ಎಂಬುದನ್ನು ಬರೆದು ಕಳುಹಿಸಿ. ಎರಡನೆಯ ಪುಟವನ್ನು ಕೆಂಪು ಗುರುತುಗಳೊಡನೆ ಇದರ ಜೊತೆಗಿಟ್ಟಿದ್ದೇನೆ.

ಇಂತಿ,
ಸಂಪಾದಕ