ಹನ್ನೊಂದು ನಿಮಿಷದ ರೀಲು, ಒಂದು ಬಿಟ್ಟುಹೋದ ಹೆಸರು

ಧಾರವಾಡದ ಓದುಗರೊಬ್ಬರು ಬರೆದಿದ್ದಾರೆ: ‘ಗ್ರೀಕ್ ನಿರ್ದೇಶಕ ಥಿಯೊ ಅಂಗೆಲೋಪುಲೋಸ್ ಕುರಿತ ಲೇಖನದಲ್ಲಿ ಕಟ್ ಇಲ್ಲದ ಉದ್ದುದ್ದ ಶಾಟ್‌ಗಳನ್ನು ಬಾಯ್ತುಂಬ ಹೊಗಳಿದ್ದೀರಿ. ತೆಗೆದವರ ಹೆಸರೇ ಇಲ್ಲವಲ್ಲ! ಅಷ್ಟು ಉದ್ದ ತೆಗೆಯುವುದಾದರೂ ಹೇಗೆ?’

ಹೆಸರು ಬಿಟ್ಟದ್ದು ನಮ್ಮದೇ ತಪ್ಪು. ಅವರು ಯೋರ್ಗೋಸ್ ಅರ್ವಾನಿಟಿಸ್, ಹುಟ್ಟಿದ್ದು 1941ರಲ್ಲಿ. 1970ರಿಂದ 1998ರವರೆಗೆ ಅಂಗೆಲೋಪುಲೋಸ್ ಮಾಡಿದ ಹನ್ನೊಂದು ಕಥಾಚಿತ್ರಗಳಿಗೂ ಕ್ಯಾಮೆರಾ ಹಿಡಿದವರು. ಕೊನೆಕೊನೆಯ ಚಿತ್ರಗಳಲ್ಲಿ ಇನ್ನೊಬ್ಬ ಛಾಯಾಗ್ರಾಹಕ ಆಂಡ್ರಿಯಾಸ್ ಸಿನಾನೋಸ್ ಜೊತೆಯಾದರು. ಹನ್ನೊಂದನೆಯದಾದ ‘ಎಟರ್ನಿಟಿ ಅಂಡ್ ಎ ಡೇ’ಗೆ ಕಾನ್ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿ ಪಾಮ್ ಡೋರ್ ಬಂತು. ಆದರೂ ವಿಮರ್ಶೆಗಳಲ್ಲಿ ‘ಅಂಗೆಲೋಪುಲೋಸ್ ಶಾಟ್’ ಎಂದೇ ರೂಢಿ. ನಾವೂ ಅದೇ ಜಾಡಿಗೆ ಬಿದ್ದೆವು.

ಇನ್ನು ‘ಹೇಗೆ’ ಎಂಬ ಪ್ರಶ್ನೆ. ಮೊದಲ ಗಡಿ ರೀಲಿನದು. 35 ಎಂಎಂ ಫಿಲಂ ನಿಮಿಷಕ್ಕೆ 90 ಅಡಿ ಓಡುತ್ತದೆ. 1000 ಅಡಿಯ ಮ್ಯಾಗಝಿನ್ (ಕ್ಯಾಮೆರಾಕ್ಕೆ ಸಿಕ್ಕಿಸುವ ಫಿಲಂ ಡಬ್ಬಿ) ಹಾಕಿದರೆ ಹನ್ನೊಂದು ನಿಮಿಷ, 400 ಅಡಿಯದಾದರೆ ನಾಲ್ಕೂವರೆಯೂ ಇಲ್ಲ. ಹತ್ತನೇ ನಿಮಿಷದಲ್ಲಿ ನಟನೊಬ್ಬ ಎಡವಿದರೆ ಅಷ್ಟೂ ಫಿಲಂ ದಂಡ. ಇವರಿಬ್ಬರ 1975ರ ‘ದಿ ಟ್ರಾವೆಲಿಂಗ್ ಪ್ಲೇಯರ್ಸ್’ ಸುಮಾರು 230 ನಿಮಿಷದ್ದು, ಶಾಟ್‌ಗಳು ಎಂಬತ್ತರ ಆಸುಪಾಸು. ಅಂದರೆ ಸರಾಸರಿ ಶಾಟ್ ಒಂದಕ್ಕೆ ಹತ್ತಿರಹತ್ತಿರ ಮೂರು ನಿಮಿಷ.

ಅದರಲ್ಲೊಂದು ಶಾಟ್ ನೋಡಿ. 1946ರ ಹೊಸ ವರ್ಷದ ರಾತ್ರಿ ಬಲಪಂಥೀಯರ ಗುಂಪೊಂದು ಕುಣಿತದ ಹಾಲಿನಿಂದ ಹೊರಬಿದ್ದು, ಹಾಡುತ್ತ ಬೀದಿಯಲ್ಲಿ ನಡೆಯುತ್ತದೆ. ಕ್ಯಾಮೆರಾ ಜೊತೆಗೇ ಸಾಗುತ್ತದೆ. ಎಲ್ಲೂ ಕಟ್ ಇಲ್ಲ, ಆದರೆ ಅವರು ತಲುಪುವುದು 1952ರ ಚುನಾವಣಾ ಸಭೆಗೆ. ಆರು ವರ್ಷ ದಾಟಿದ್ದು ನಮಗೆ ಗೊತ್ತಾಗುವುದು ಸಭೆಯ ಗದ್ದಲ ಕಿವಿಗೆ ಬಿದ್ದಾಗ.

ಇಂಥ ಶಾಟ್ ಕೆಡುವುದು ಸಾಮಾನ್ಯವಾಗಿ ನೆಲದಲ್ಲಿ. ಕ್ಯಾಮೆರಾ ಹೊತ್ತ ಟ್ರಾಲಿಯ ಹಳಿ ಕೂಡುವಲ್ಲಿ ಕೂದಲೆಳೆ ಏರುಪೇರಿದ್ದರೂ ಚಕ್ರ ‘ಟಕ್’ ಅನ್ನುತ್ತದೆ, ಚಿತ್ರ ನಡುಗುತ್ತದೆ. ಅದಕ್ಕೇ ಹಳಿಯ ಅಡಿಗೆ ಮರದ ಬೆಣೆ ಹೊಡೆದು, ಮಟ್ಟಗೋಲು ಇಟ್ಟು ನೋಡಬೇಕು. ಟ್ರಾಲಿ ಓಡುವಾಗಲೇ ಜೂಮ್ ಕೂಡ ತಿರುಗುತ್ತಿದ್ದರೆ ಎರಡರ ವೇಗವೂ ಹೊಂದಬೇಕು. ಇಲ್ಲವಾದರೆ ಹಿಂದಿನ ಕಟ್ಟಡಗಳು ತೇಲಿದಂತೆ ಕಾಣುತ್ತವೆ. ಫೋಕಸ್ ಎಳೆಯುವವರ ಪಾಡು ಬೇರೆ. ರಿಹರ್ಸಲ್‌ನಲ್ಲಿ ಟೇಪು ಹಿಡಿದು ಅಳೆದು, ನೆಲಕ್ಕೆ ಸೀಮೆಸುಣ್ಣದ ಗುರುತು ಹಾಕಿ, ಲೆನ್ಸಿನ ಉಂಗುರದ ಮೇಲೂ ಅಷ್ಟೇ ಗುರುತು ಮಾಡಿಕೊಂಡಿರಬೇಕು. ನಟ ಒಂದು ಹೆಜ್ಜೆ ಹೆಚ್ಚು ಇಟ್ಟರೆ ಅವನ ಮುಖವೇ ಮಸುಕು.

ಬೆಳಕಿನದು ಇನ್ನೊಂದು ತಾಪತ್ರಯ. ಆ ಕಾಲದ ಈಸ್ಟ್‌ಮನ್ ಕಲರ್ ನೆಗೆಟಿವ್‌ನ ‘ವೇಗ’, ಅಂದರೆ ಬೆಳಕು ಗ್ರಹಿಸುವ ಶಕ್ತಿ, 100 ಎಎಸ್ಎ. ಹಗಲಿಗೆಂದು 85 ಸಂಖ್ಯೆಯ ಕಿತ್ತಳೆ ಫಿಲ್ಟರ್ ಹಾಕಿದರೆ 64ಕ್ಕೆ ಇಳಿಯುತ್ತದೆ. ಮೋಡದ ಚಳಿಗಾಲದಲ್ಲಿ ಇದು ಕಷ್ಟವೇ. ಆದರೂ ಇವರಿಗೆ ಬೇಕಿದ್ದದ್ದು ಮೋಡವೇ. ಶಾಟ್ ನಡುವೆ ಬಿಸಿಲು ಇಣುಕಿದರೆ ಎಕ್ಸ್‌ಪೋಷರ್ ಎರಡು ಮೂರು ಸ್ಟಾಪ್ (ಒಂದು ಸ್ಟಾಪ್ ಅಂದರೆ ಬೆಳಕು ಇಮ್ಮಡಿ) ಜಿಗಿಯುತ್ತದೆ, ಟ್ರಾಲಿಯ ನೆರಳು ಚೌಕಟ್ಟಿಗೆ ಬೀಳುತ್ತದೆ. ಕಟ್ ಮಾಡಿ ಮುಚ್ಚಿಹಾಕೋಣ ಎಂದರೆ ಅಲ್ಲಿ ಕಟ್ಟೇ ಇಲ್ಲ! ಪ್ರವಾಸಿ ಪೋಸ್ಟರಿನ ನೀಲಿ ಗ್ರೀಸ್ ಆ ಚಿತ್ರಗಳಲ್ಲಿ ಅಪರೂಪವಾಗಲು ಅಭಿರುಚಿಯ ಜೊತೆ ಈ ಲೆಕ್ಕವೂ ಕಾರಣವಿದ್ದೀತು.

ಅರ್ವಾನಿಟಿಸ್ ಫ್ರಾನ್ಸ್‌ನಲ್ಲೂ ದುಡಿದರು. ಕ್ಯಾಥರಿನ್ ಬ್ರೆಯಾ ನಿರ್ದೇಶನದ ‘ರೊಮಾನ್ಸ್’ (1999) ಅವರದೇ ಛಾಯಾಗ್ರಹಣ. ಅದರಲ್ಲಿ ಬಹುಪಾಲು ನಾಲ್ಕು ಗೋಡೆಯ ಒಳಗಿನ ಬೆಳಕು.

ವರ್ಷದ ಸಂಚಿಕೆಗಳನ್ನು ಒಟ್ಟಿಗೆ ಹೊಲಿಸುವಾಗ ಆ ಲೇಖನಕ್ಕೆ ಅವರ ಹೆಸರು ಸೇರಿಸುತ್ತೇವೆ.

— ಸಂ.